ತರಗತಿಗೆ ಬಂದ ಟಿವಿ, ಕೈಗೆ ಬಂದ ಫೋನು: ಓದುಗರ ಪ್ರಶ್ನೆ, ನಮ್ಮ ಉತ್ತರ

ಶಾಲೆಯ ಕಲಿಕೆಗೆ ಟಿವಿ, ಫೋನು, ಕಂಪ್ಯೂಟರ್ ಎಷ್ಟು ಬೇಕು, ಹೇಗೆ ಬೇಕು ಎಂದು ಕೇಳಿ ಬರೆಯಿರಿ ಅಂದಿದ್ದೆವು. ಶಿಕ್ಷಕರು ಬರೆದಿದ್ದಾರೆ, ಪಾಲಕರು ಬರೆದಿದ್ದಾರೆ, ಮಕ್ಕಳೂ ಬರೆದಿದ್ದಾರೆ. ಒಂದೇ ತರಹದ ಪ್ರಶ್ನೆಗಳನ್ನು ಸೇರಿಸಿ, ಆರನ್ನು ಇಲ್ಲಿ ತೆಗೆದುಕೊಂಡಿದ್ದೇನೆ.

ಪ್ರಶ್ನೆ: ಮೇಡಂ, ನಮ್ಮದು ಸುರಪುರ ತಾಲ್ಲೂಕಿನ ಸರ್ಕಾರಿ ಹಿರಿಯ ಪ್ರಾಥಮಿಕ ಶಾಲೆ. ಹಳೆ ವಿದ್ಯಾರ್ಥಿಗಳು ಸೇರಿ ದೊಡ್ಡ ಸ್ಮಾರ್ಟ್ ಟಿವಿ ಕೊಡಿಸಿದ್ದಾರೆ. ಮೊದಮೊದಲು ಎಲ್ಲರಿಗೂ ಖುಷಿ ಇತ್ತು. ಈಗ ವಿಡಿಯೊ ಹಾಕಿದರೆ ಮಕ್ಕಳು ಸುಮ್ನೆ ನೋಡುತ್ತಾ ಕೂರುತ್ತಾರೆ. ಮರುದಿನ ಕೇಳಿದರೆ ಯಾರಿಗೂ ಏನೂ ನೆನಪಿರುವುದಿಲ್ಲ. ಟಿವಿ ಇಟ್ಟುಕೊಂಡು ಪಾಠ ಮಾಡುವುದು ಹೇಗೆ?
– ವಿಜ್ಞಾನ ಶಿಕ್ಷಕಿ, ಯಾದಗಿರಿ ಜಿಲ್ಲೆ

ಉತ್ತರ: ಮರುದಿನ ಕೇಳಿ ನೋಡಿದಿರಲ್ಲ, ಅದೇ ದೊಡ್ಡದು. ಮಕ್ಕಳು ಗಲಾಟೆ ಮಾಡದೆ ಕೂತರೆ ಪಾಠ ಆಯಿತು ಅಂದುಕೊಂಡು ಮುಂದೆ ಹೋಗುವವರೇ ಜಾಸ್ತಿ.

ನಾನು ಹೇಳುವುದು ಇಷ್ಟು: ವಿಡಿಯೊವನ್ನು ಪೂರ್ತಿ ಓಡಿಸಬೇಡಿ. ಉತ್ತರ ಬರುವ ಸ್ವಲ್ಪ ಮುಂಚೆ ನಿಲ್ಲಿಸಿ. ಮುಂದೆ ಏನಾಗುತ್ತದೆ ಎಂದು ಪ್ರತಿಯೊಂದು ಮಗುವೂ ತನ್ನ ನೋಟ್‌ಬುಕ್‌ನಲ್ಲಿ ಬರೆಯಲಿ. ಬಾಯಲ್ಲಿ ಹೇಳಿಸಿದರೆ ಮುಂದಿನ ಸಾಲಿನ ನಾಲ್ಕು ಮಕ್ಕಳೇ ಹೇಳುತ್ತಾರೆ, ಉಳಿದವರು ಅವರ ಹಿಂದೆ ಅಡಗುತ್ತಾರೆ. ಬರೆದ ಮೇಲೆ ಪಕ್ಕದವರ ಜೊತೆ ವಾದ ಮಾಡಲಿ. ಆಮೇಲೆ ಮುಂದಿನದು ತೋರಿಸಿ. ತಪ್ಪು ಊಹಿಸಿದ ಮಗು ಇದೆಯಲ್ಲ, ಅದು ಆ ಪಾಠವನ್ನು ಬೇಗ ಮರೆಯುವುದಿಲ್ಲ. ಹತ್ತು ನಿಮಿಷದ ವಿಡಿಯೊದಲ್ಲಿ ಮೂರು ನಿಮಿಷ ತೋರಿಸಿದರೂ ಸಾಕಾಗುತ್ತದೆ.

ನೀವು ವಿಜ್ಞಾನ ಕಲಿಸುವವರು, ಹಾಗಾಗಿ ಒಂದು ಉದಾಹರಣೆ. ಅಮೆರಿಕದ ಕೊಲರಾಡೊ ವಿಶ್ವವಿದ್ಯಾಲಯದವರು ಮಾಡಿದ ಫೆಟ್ ಎಂಬ ಸಿಮ್ಯುಲೇಶನ್‌ಗಳಿವೆ, ಅಂದರೆ ಪರದೆಯ ಮೇಲೆಯೇ ಪ್ರಯೋಗ ಮಾಡಿ ನೋಡುವಂಥವು. ಭೌತಶಾಸ್ತ್ರಕ್ಕೆ ನೊಬೆಲ್ ಪಡೆದ ಕಾರ್ಲ್ ವೀಮನ್ 2002ರಲ್ಲಿ ಶುರು ಮಾಡಿದ್ದು. ದುಡ್ಡು ಕೊಡಬೇಕಿಲ್ಲ. ಒಮ್ಮೆ ಇಳಿಸಿಕೊಂಡರೆ ಇಂಟರ್‌ನೆಟ್ ಇಲ್ಲದೆಯೂ ನಡೆಯುತ್ತದೆ. ಮಾತು ಕಡಿಮೆ, ಚಿತ್ರ ಜಾಸ್ತಿ, ಇಂಗ್ಲಿಷ್ ಅಷ್ಟಾಗಿ ಬರದ ಮಕ್ಕಳಿಗೂ ತೊಡಕಿಲ್ಲ. ಅದರಲ್ಲಿ ವಿದ್ಯುತ್ ಮಂಡಲ ಕಟ್ಟುವುದೊಂದಿದೆ. ಒಂದು ಬ್ಯಾಟರಿ, ಸಾಲಾಗಿ ಎರಡು ಬಲ್ಬು ಜೋಡಿಸಿ. ಮೂರನೆಯ ಬಲ್ಬು ಅದೇ ಸಾಲಿಗೆ ಸೇರಿಸಿದರೆ ಬೆಳಕು ಹೆಚ್ಚುತ್ತದೋ ಕಡಿಮೆ ಆಗುತ್ತದೋ, ಬರೆಯಿರಿ ಅನ್ನಿ. 'ಬ್ಯಾಟರಿಗೆ ಹತ್ತಿರ ಇರುವ ಬಲ್ಬು ಜಾಸ್ತಿ ಉರಿಯುತ್ತದೆ' ಎಂದು ಬರೆಯುವ ಮಕ್ಕಳು ಖಂಡಿತ ಇರುತ್ತಾರೆ. ಅವರು ನಿಮಗೆ ಬೇಕಾದವರು. ಕರೆಂಟ್ ದಾರಿಯಲ್ಲಿ ಖರ್ಚಾಗುತ್ತಾ ಹೋಗುತ್ತದೆ ಎಂದು ಅವರ ತಲೆಯಲ್ಲಿದೆ, ನೀವು ಎಷ್ಟು ಸಲ ಬೋರ್ಡ್ ಮೇಲೆ ಬರೆದರೂ ಅದು ಹೋಗುವುದಿಲ್ಲ, ಆದರೆ ಸಾಲಿನಲ್ಲಿರುವ ಒಂದೇ ತರಹದ ಬಲ್ಬುಗಳೆಲ್ಲ ಒಂದೇ ಸಮ ಉರಿಯುವುದನ್ನು ತಾವೇ ಜೋಡಿಸಿ ನೋಡಿದಾಗ ಅಲ್ಲಾಡುತ್ತದೆ.

ಇಷ್ಟಾದ ಮೇಲೆ ಟಿವಿ ಆರಿಸಿ. ನಿಜವಾದ ಸೆಲ್, ತಂತಿ, ಟಾರ್ಚ್ ಬಲ್ಬು ಕೊಟ್ಟು ಗುಂಪಿನಲ್ಲಿ ಮಾಡಿಸಿ. ಕೈಗೆ ಸಿಗುವುದನ್ನು ಪರದೆಯಲ್ಲಿ ಮಾತ್ರ ತೋರಿಸಿ ಮುಗಿಸಬಾರದು. ಹೆಸರುಕಾಳು ಮೊಳಕೆ ಬರುವುದನ್ನು ವಿಡಿಯೊದಲ್ಲಿ ಯಾಕೆ ನೋಡಬೇಕು? ಒದ್ದೆ ಬಟ್ಟೆಯಲ್ಲಿ ಕಟ್ಟಿಟ್ಟರೆ ಒಂದೆರಡು ದಿನದಲ್ಲಿ ಕಣ್ಣೆದುರು ಬರುತ್ತದೆ. ಬಡಿಯುವ ಹೃದಯದ ಒಳಗು, ಚಂದ್ರನ ಕಲೆಗಳು, ಜ್ವಾಲಾಮುಖಿ, ಇವುಗಳಿಗೆ ಟಿವಿ ಬೇಕು.

ಗಣಿತದವರಿಗೂ ಹೇಳಿ. ಜಿಯೋಜೀಬ್ರಾ ಎಂಬ ಉಚಿತ ತಂತ್ರಾಂಶ ಇದೆ. ತ್ರಿಭುಜದ ಮೂರು ಕೋನ ಸೇರಿದರೆ 180 ಡಿಗ್ರಿ ಎಂಬ ಪಾಠಕ್ಕೆ ಮೊದಲು ಕಾಗದದ ತ್ರಿಭುಜ ಕತ್ತರಿಸಿ, ಮೂಲೆಗಳನ್ನು ಹರಿದು, ಒಂದರ ಪಕ್ಕ ಒಂದು ಇಟ್ಟು ನೇರ ಗೆರೆ ಆಗುವುದನ್ನು ಮಕ್ಕಳು ನೋಡಲಿ. ಆಗ ಯಾರಾದರೂ 'ತುಂಬಾ ತೆಳ್ಳಗಿರುವ ತ್ರಿಭುಜಕ್ಕೂ ಹೀಗೇನಾ?' ಅಂತಾರೆ. ಕೇಳದಿದ್ದರೆ ನೀವೇ ಕೇಳಿ. ಆಗ ಜಿಯೋಜೀಬ್ರಾ ತೆರೆದು ಒಂದು ಶೃಂಗವನ್ನು ಎಳೆಯುತ್ತಾ ಹೋಗಿ. ಮೂರೂ ಕೋನ ಬದಲಾಗುತ್ತವೆ, ಮೊತ್ತ ಕದಲುವುದಿಲ್ಲ. ಕತ್ತರಿಯಲ್ಲಿ ನಾಲ್ಕೈದು ತ್ರಿಭುಜ ಆಗುತ್ತದೆ, ಇಲ್ಲಿ ಒಂದು ನಿಮಿಷದಲ್ಲಿ ನೂರಾರು.

ಇನ್ನೊಂದು ಮಾತು. ನಿಮ್ಮ ಸೀಮೆಗೆ ಟಿವಿ ಪಾಠ ಹೊಸದಲ್ಲ. 1975ರ ಆಗಸ್ಟ್‌ನಿಂದ 1976ರ ಜುಲೈವರೆಗೆ, ಅಮೆರಿಕದಿಂದ ಎರವಲು ಪಡೆದ ಉಪಗ್ರಹದ ಮೂಲಕ ಇಸ್ರೊ 'ಸೈಟ್' ಎಂಬ ಪ್ರಯೋಗ ಮಾಡಿತು. ಆರು ರಾಜ್ಯಗಳ ಸುಮಾರು 2,400 ಹಳ್ಳಿಗಳಿಗೆ ಟಿವಿ ಬಂತು. ಕರ್ನಾಟಕದಲ್ಲಿ ಆಯ್ಕೆಯಾಗಿದ್ದು ಗುಲ್ಬರ್ಗಾ, ರಾಯಚೂರು, ಬಿಜಾಪುರ ಜಿಲ್ಲೆಗಳು. ಸುರಪುರ ಆಗ ಗುಲ್ಬರ್ಗಾ ಜಿಲ್ಲೆಯಲ್ಲೇ ಇತ್ತು. ಬೆಳಿಗ್ಗೆ ಶಾಲಾ ಮಕ್ಕಳಿಗೆ, ಸಂಜೆ ಊರಿನವರಿಗೆ ಕಾರ್ಯಕ್ರಮ. ವರ್ಷ ಮುಗಿಯಿತು, ಉಪಗ್ರಹ ವಾಪಸ್ ಹೋಯಿತು. ಮುಂದೆ 2004ರ ಸೆಪ್ಟೆಂಬರ್‌ನಲ್ಲಿ ಶಿಕ್ಷಣಕ್ಕೆಂದೇ ಎಜುಸ್ಯಾಟ್ ಹಾರಿತು, ಚಾಮರಾಜನಗರ ಜಿಲ್ಲೆಯ ಪ್ರಾಥಮಿಕ ಶಾಲೆಗಳಿಗೆ ಅದರಿಂದ ಪಾಠ ಬಂತು. ಅದರ ಕಾಲವೂ ಮುಗಿಯಿತು. ಉಪಕರಣ ಬರುತ್ತದೆ, ಹೋಗುತ್ತದೆ. ನಿಲ್ಲಿಸಿ ಪ್ರಶ್ನೆ ಕೇಳುವುದನ್ನು ನೀವು ಈ ಟಿವಿಯಲ್ಲಿ ಕಲಿತರೆ ನಾಳೆ ಬೇರೆ ಯಾವುದೇ ಯಂತ್ರ ಬಂದರೂ ಅದು ನಿಮ್ಮ ಜೊತೆ ಇರುತ್ತದೆ.

ಟಿವಿ ಇರುವ ಕೋಣೆಯ ಬೀಗದ ಕೈ ಮುಖ್ಯ ಶಿಕ್ಷಕರೊಬ್ಬರ ಹತ್ತಿರ ಮಾತ್ರ ಇದ್ದರೆ ಅದನ್ನೂ ಸರಿಮಾಡಿಕೊಳ್ಳಿ. ಹಾಳಾದರೆ ಯಾರ ತಲೆಗೆ ಬರುತ್ತದೆ ಎಂಬ ಹೆದರಿಕೆಯಿಂದ ಎಷ್ಟೋ ಶಾಲೆಗಳಲ್ಲಿ ಸಾಮಾನು ಬಟ್ಟೆ ಹೊದ್ದು ಕೂತಿದೆ. 'ಬಳಸುವಾಗ ಕೆಟ್ಟರೆ ಶಿಕ್ಷಕರು ಹೊಣೆಯಲ್ಲ, ರಿಪೇರಿಗೆ ಇಷ್ಟು ಹಣ ಎತ್ತಿಡುತ್ತೇವೆ' ಎಂದು ಶಾಲಾಭಿವೃದ್ಧಿ ಸಮಿತಿಯ (ಎಸ್‌ಡಿಎಂಸಿ) ಸಭೆಯಲ್ಲಿ ಬರೆದಿಡಿಸಿ.

ಪ್ರಶ್ನೆ: ನಮ್ಮ ಶಾಲೆ ಶಿರಸಿ ತಾಲ್ಲೂಕಿನ ಒಳಗಿದೆ. ಮಳೆಗಾಲದಲ್ಲಿ ನೆಟ್‌ವರ್ಕೂ ಇಲ್ಲ, ಕರೆಂಟೂ ಇಲ್ಲ. ಪಠ್ಯಪುಸ್ತಕದ ಕ್ಯೂಆರ್ ಕೋಡ್ ನೋಡಿದರೆ ಹೊಟ್ಟೆ ಉರಿಯುತ್ತದೆ. ನಮ್ಮಂಥವರಿಗೆ ಏನು ದಾರಿ?
– ಮುಖ್ಯ ಶಿಕ್ಷಕರು, ಉತ್ತರ ಕನ್ನಡ

ಉತ್ತರ: ಸರ್, ಪೇಟೆಗೆ ಹೋದಾಗ ಇಳಿಸಿಕೊಂಡು ಬರುವುದೇ ದಾರಿ. ಕ್ಯೂಆರ್ ಕೋಡ್ ತೆರೆಯುವ ದೀಕ್ಷಾ ಆ್ಯಪ್‌ನಲ್ಲಿ ಪಾಠಗಳನ್ನು ಡೌನ್‌ಲೋಡ್ ಮಾಡಿಟ್ಟುಕೊಂಡರೆ ಆಮೇಲೆ ನೆಟ್ ಬೇಕಾಗುವುದಿಲ್ಲ. ಪ್ರಥಮ್ ಬುಕ್ಸ್‌ನ ಸ್ಟೋರಿವೀವರ್‌ನಲ್ಲಿ ಕನ್ನಡ ಕಥೆಪುಸ್ತಕಗಳು ಬಣ್ಣದ ಚಿತ್ರಗಳ ಜೊತೆ ಉಚಿತವಾಗಿವೆ, ಮುದ್ರಿಸಿಕೊಳ್ಳುವುದಕ್ಕೂ ಅಡ್ಡಿಯಿಲ್ಲ. ಕಿವಿಕ್ಸ್ ಎಂಬ ಆ್ಯಪ್‌ನಲ್ಲಿ ಕನ್ನಡ ವಿಕಿಪೀಡಿಯವನ್ನೇ ಪೂರ್ತಿ ಒಂದು ಫೈಲಾಗಿ ಇಳಿಸಿಟ್ಟುಕೊಳ್ಳಬಹುದು. ಬೇಸಿಗೆ ರಜೆಯಲ್ಲಿ ಇಡೀ ವರ್ಷಕ್ಕೆ ಬೇಕಾದ್ದನ್ನು ಒಂದು ಪೆನ್‌ಡ್ರೈವ್‌ಗೆ ತುಂಬಿ, ತರಗತಿವಾರು ಫೋಲ್ಡರ್ ಮಾಡಿ, ಹೆಸರು ಕನ್ನಡದಲ್ಲೇ ಬರೆದಿಡಿ. ಅದರ ಇನ್ನೊಂದು ಪ್ರತಿ ಬೇರೆಯವರ ಹತ್ತಿರ ಇರಲಿ.

ಮಲೆನಾಡಿನ ಶಾಲೆಗೆ ರೇಡಿಯೊ ಕೂಡ ಒಳ್ಳೆಯ ಸಂಗಾತಿ. ಆಕಾಶವಾಣಿಯ 'ಕೇಳಿ ಕಲಿ' ಪಾಠಗಳನ್ನು ಕೇಳಿ ಬೆಳೆದ ಮಕ್ಕಳು ಈಗ ದೊಡ್ಡವರಾಗಿದ್ದಾರೆ. ಪ್ರಶ್ನೆ ಕೇಳಿ, ಮಕ್ಕಳು ಉತ್ತರ ಹೇಳಲು ಅಷ್ಟು ಹೊತ್ತು ಬಿಟ್ಟು, ಮುಂದೆ ಹೋಗುವ ಆ ರೀತಿ ನನಗೆ ಇವತ್ತಿನ ಎಷ್ಟೋ ವಿಡಿಯೊಗಳಿಗಿಂತ ಇಷ್ಟ. ಹಾಗೆ ನೀವೇ ಫೋನಿನಲ್ಲಿ ಧ್ವನಿ ಮುದ್ರಿಸಿ ಮಾಡಬಹುದು. ನಿಮ್ಮ ಊರಿನ ಅಜ್ಜಿಯರಿಂದ ಕಥೆ ಹೇಳಿಸಿ, ನಡುವೆ ನಿಲ್ಲಿಸಿ, ಮುಂದೇನಾಯಿತು ಎಂದು ಮಕ್ಕಳು ಬರೆಯಲಿ.

ಪ್ರಶ್ನೆ: ಮಗಳು 4ನೇ ತರಗತಿ, ಖಾಸಗಿ ಶಾಲೆ. ಮುಂದಿನ ವರ್ಷದಿಂದ ಎಲ್ಲರೂ ಟ್ಯಾಬ್ ತೆಗೆದುಕೊಳ್ಳಲೇಬೇಕು, ಆ್ಯಪ್‌ಗೆ ಬೇರೆ ಫೀಸು ಎಂದಿದ್ದಾರೆ. ಸಾಲ ಮಾಡಿಯಾದರೂ ಕೊಡಿಸೋಣ, ಮಗಳು ಹಿಂದೆ ಬೀಳಬಾರದು ಅಂತ ನಮ್ಮವರು. ನನಗೆ ಮನಸ್ಸು ಒಪ್ಪುತ್ತಿಲ್ಲ.
– ತಾಯಿ, ದಾವಣಗೆರೆ

ಉತ್ತರ: ಸಾಲ ಮಾಡಬೇಡಿ ಅಮ್ಮ. ಇದನ್ನು ಮೊದಲೇ ಹೇಳಿಬಿಡುತ್ತೇನೆ.

ಮಗುವಿಗೊಂದು ಯಂತ್ರ ಕೊಟ್ಟರೆ ಓದು ತಾನಾಗಿ ಮುಂದೆ ಹೋಗುತ್ತದೆಯೇ ಎಂದು ದೊಡ್ಡ ಮಟ್ಟದಲ್ಲಿ ನೋಡಿದ್ದಾರೆ. ದಕ್ಷಿಣ ಅಮೆರಿಕದ ಪೆರು ದೇಶ ಲಕ್ಷಾಂತರ ಮಕ್ಕಳಿಗೆ ಲ್ಯಾಪ್‌ಟಾಪ್ ಹಂಚಿತು. ಅಲ್ಲಿನ 319 ಗ್ರಾಮೀಣ ಶಾಲೆಗಳ ಅಧ್ಯಯನ 2012ರಲ್ಲಿ ಬಂತು. ಗಣಿತದಲ್ಲಾಗಲಿ ಭಾಷೆಯಲ್ಲಾಗಲಿ ಕಲಿಕೆ ಹೆಚ್ಚಿದ್ದು ಕಾಣಲಿಲ್ಲ. ಸ್ವೀಡನ್‌ನಂಥ ಶ್ರೀಮಂತ ದೇಶ 2023ರಲ್ಲಿ ಮತ್ತೆ ಅಚ್ಚಿನ ಪಠ್ಯಪುಸ್ತಕಕ್ಕೆ ಹಣ ಎತ್ತಿಟ್ಟಿತು.

ಹಾಗಂತ ಎಲ್ಲ ಆ್ಯಪ್ ದಂಡ ಅನ್ನುವುದೂ ಸರಿಯಲ್ಲ. ದೆಹಲಿಯಲ್ಲಿ 6ರಿಂದ 9ನೇ ತರಗತಿಯ ಮಕ್ಕಳಿಗೆ ಮೈಂಡ್‌ಸ್ಪಾರ್ಕ್ ಎಂಬ ತಂತ್ರಾಂಶದಿಂದ ಶಾಲೆ ಬಿಟ್ಟ ಮೇಲೆ ಕಲಿಸಿ ನೋಡಿದ್ದರು. ನಾಲ್ಕೂವರೆ ತಿಂಗಳಲ್ಲೇ ಗಣಿತ ಮತ್ತು ಹಿಂದಿ ಎರಡರಲ್ಲೂ ಚೆನ್ನಾಗಿ ಮುಂದೆ ಬಂದರು. ಅದು ಹೇಗೆ ಕೆಲಸ ಮಾಡಿತು ಎಂದು ನೋಡಬೇಕು. 7ನೇ ತರಗತಿಯ ಮಗುವಿಗೆ ಭಾಗಾಕಾರ ಬರದಿದ್ದರೆ ಅದು ಭಾಗಾಕಾರದಿಂದಲೇ ಶುರು ಮಾಡುತ್ತಿತ್ತು, 7ನೇ ತರಗತಿಯ ಪಾಠವನ್ನೇ ಮತ್ತೆ ಬಣ್ಣ ಹಚ್ಚಿ ತೋರಿಸಲಿಲ್ಲ. ಅರ್ಧ ಹೊತ್ತು ತಂತ್ರಾಂಶ, ಇನ್ನರ್ಧ ಹೊತ್ತು ಚಿಕ್ಕ ಗುಂಪಿನಲ್ಲಿ ಕಲಿಸುವವರೊಬ್ಬರು ಇದ್ದರು.

ಹಾಗಾಗಿ ಶಾಲೆಗೆ ಹೋಗಿ ಕೇಳಿ. ಕೋಪದಿಂದ ಬೇಡ, ನಾಲ್ಕೈದು ಪಾಲಕರು ಸೇರಿ ಹೋಗಿ. ಈ ಆ್ಯಪ್ ನನ್ನ ಮಗಳು ಎಲ್ಲಿ ನಿಂತಿದ್ದಾಳೋ ಅಲ್ಲಿಂದ ಕಲಿಸುತ್ತದೆಯೋ, ಎಲ್ಲರಿಗೂ ಒಂದೇ ವಿಡಿಯೊನೋ? ದಿನಕ್ಕೆ ಎಷ್ಟು ಹೊತ್ತು? ಆ ಹೊತ್ತನ್ನು ಯಾವುದರಿಂದ ಕಿತ್ತುಕೊಳ್ಳುತ್ತೀರಿ, ಆಟದಿಂದಲೋ, ಬರವಣಿಗೆಯಿಂದಲೋ? ಅದರಲ್ಲಿ ತಪ್ಪಾದ ಲೆಕ್ಕವನ್ನು ಯಾವ ಟೀಚರ್ ನೋಡುತ್ತಾರೆ? ಶಾಲೆಯಲ್ಲೇ ಇಪ್ಪತ್ತು ಟ್ಯಾಬ್ ಇಟ್ಟುಕೊಂಡು ಸರದಿಯಲ್ಲಿ ಯಾಕೆ ಬಳಸಬಾರದು? ಈ ಕೊನೆಯದನ್ನು ಗಟ್ಟಿಯಾಗಿ ಕೇಳಿ, ಎಷ್ಟೋ ಮನೆಗಳ ಹಣ ಉಳಿಯುತ್ತದೆ.

ಮಗಳ ಹೆಸರು, ಅಂಕ, ಫೋಟೊ ಯಾರ ಕೈಗೆ ಹೋಗುತ್ತದೆ ಎಂದೂ ಕೇಳಿ. 2023ರ ಡಿಜಿಟಲ್ ವೈಯಕ್ತಿಕ ದತ್ತಾಂಶ ಸಂರಕ್ಷಣಾ ಕಾಯ್ದೆ, 18 ವರ್ಷದೊಳಗಿನ ಮಕ್ಕಳ ಮಾಹಿತಿ ಬಳಸಲು ಪಾಲಕರ ಒಪ್ಪಿಗೆ ಬೇಕು ಎನ್ನುತ್ತದೆ. ಕೇಳುವುದು ಜಗಳವಲ್ಲ, ನಿಮ್ಮ ಹಕ್ಕು. ಇನ್ನು ಹೊತ್ತಿನ ವಿಷಯ: ಕೊರೊನಾ ಕಾಲದಲ್ಲಿ, ಬೇರೆ ದಾರಿಯೇ ಇಲ್ಲದಿದ್ದಾಗ ಕೂಡ, 1ರಿಂದ 8ನೇ ತರಗತಿಗೆ ದಿನಕ್ಕೆ 30ರಿಂದ 45 ನಿಮಿಷದ ಎರಡು ಆನ್‌ಲೈನ್ ಪಾಠ ಮೀರಬಾರದು ಎಂದು ಕೇಂದ್ರದ 'ಪ್ರಜ್ಞಾತ' ಮಾರ್ಗಸೂಚಿ ಹೇಳಿತ್ತು. ಈಗ ಶಾಲೆ ತೆರೆದಿದೆ, ಟೀಚರ್ ಎದುರಿಗಿದ್ದಾರೆ. ಅದಕ್ಕಿಂತ ಜಾಸ್ತಿ ಯಾಕೆ ಬೇಕು?

ನಿಮ್ಮ ಮನೆಯವರಿಗೆ ಹೇಳಿ, 4ನೇ ತರಗತಿಯ ಮಗು ಹಿಂದೆ ಬೀಳುವುದು ಟ್ಯಾಬ್ ಇಲ್ಲದ್ದಕ್ಕಲ್ಲ. ಓದಿದ್ದು ಅರ್ಥವಾಗದೆ ಹೋದರೆ, ಕೂಡುವುದು ಕಳೆಯುವುದು ಗಟ್ಟಿಯಾಗದೆ ಹೋದರೆ ಬೀಳುತ್ತದೆ. ದಿನಾ ರಾತ್ರಿ ಒಂದು ಪುಟ ಗಟ್ಟಿಯಾಗಿ ಓದಿಸಿ, ಏನು ಓದಿದೆ ಹೇಳು ಎಂದು ಕೇಳಿ.

ಪ್ರಶ್ನೆ: ಟೀಚರ್, ನಾನು 9ನೇ ತರಗತಿ. ಪ್ರಬಂಧ ಬರೆಯಲು ಎಐ ಕೇಳಿದೆ, ಚೆನ್ನಾಗಿ ಬರೆದು ಕೊಟ್ಟಿತು. ನಮ್ಮ ಸರ್ ಕಂಡುಹಿಡಿದು ಎಲ್ಲರ ಮುಂದೆ ಬೈದರು. ಗೈಡ್ ನೋಡಿ ಬರೆಯುವವರಿಗೆ ಬೈಯಲ್ಲ. ಎಐ ಬಳಸುವುದು ತಪ್ಪಾ?
– ವಿದ್ಯಾರ್ಥಿ, ಚಿಕ್ಕೋಡಿ

ಉತ್ತರ: ಮರಿ, ಎಲ್ಲರ ಮುಂದೆ ಬೈಸಿಕೊಂಡರೆ ಬೇಜಾರಾಗುತ್ತದೆ, ನನಗೆ ಗೊತ್ತು. ಗೈಡ್ ಬಗ್ಗೆ ನೀನು ಕೇಳಿದ್ದು ಸರಿಯಾಗಿದೆ. ಗೈಡ್ ನೋಡಿ ಇಳಿಸುವುದೂ ಎಐ ನೋಡಿ ಇಳಿಸುವುದೂ ಒಂದೇ. ಎರಡರಲ್ಲೂ ಬರೆದವರು ನೀನಲ್ಲ. ಪ್ರಬಂಧ ಬರೆಸುವುದು ಸರ್‌ಗೆ ಪ್ರಬಂಧ ಬೇಕು ಅಂತಲ್ಲ. ಏನು ಹೇಳಬೇಕು, ಯಾವುದು ಮೊದಲು, ಯಾವುದು ಆಮೇಲೆ ಎಂದು ನೀನು ಕೂತು ಒದ್ದಾಡುತ್ತೀಯಲ್ಲ, ಕಲಿಯುವುದು ಆಗಲೇ. ಆ ಒದ್ದಾಟವನ್ನೇ ಯಂತ್ರಕ್ಕೆ ಕೊಟ್ಟರೆ ನಿನಗೆ ಏನೂ ಉಳಿಯುವುದಿಲ್ಲ. ಮುಂದಿನ ವರ್ಷ ಎಸ್‌ಎಸ್‌ಎಲ್‌ಸಿ ಪರೀಕ್ಷೆಯ ಕೋಣೆಯಲ್ಲಿ ನೀನು, ಪೆನ್ನು, ಕಾಗದ ಅಷ್ಟೇ ಇರುತ್ತವೆ.

ಆದರೆ ಅದನ್ನು ಮುಟ್ಟಲೇಬೇಡ ಅಂತ ನಾನು ಹೇಳುವುದಿಲ್ಲ. ಮೊದಲು ನೀನೇ ಬರೆ, ಕೆಟ್ಟದಾಗಿದ್ದರೂ ಪರವಾಗಿಲ್ಲ. ಆಮೇಲೆ ಅದನ್ನು ಎಐಗೆ ತೋರಿಸಿ, 'ನೀನು ಬರೆದುಕೊಡಬೇಡ, ಇದರಲ್ಲಿ ಎಲ್ಲಿ ಅರ್ಥವಾಗುತ್ತಿಲ್ಲ ಹೇಳು, ನನಗೆ ಐದು ಪ್ರಶ್ನೆ ಕೇಳು' ಅನ್ನು. ಆ ಪ್ರಶ್ನೆಗಳಿಗೆ ಉತ್ತರ ಹುಡುಕಿ ಮತ್ತೆ ಬರೆ. ವಿಜ್ಞಾನದ ಪಾಠ ಮುಗಿದ ಮೇಲೆ ಅದರ ಮೇಲೆ ಪ್ರಶ್ನೆ ಕೇಳಿಸಿಕೊಂಡು ನಿನ್ನನ್ನು ನೀನೇ ಪರೀಕ್ಷೆ ಮಾಡಿಕೋ. ಒಂದು ಎಚ್ಚರ ಇರಲಿ: ಅದು ಗೊತ್ತಿಲ್ಲದ್ದನ್ನೂ ಗೊತ್ತಿರುವ ಹಾಗೆ ಹೇಳುತ್ತದೆ. ಒಮ್ಮೆ ಕಿತ್ತೂರು ಚೆನ್ನಮ್ಮನ ಬಗ್ಗೆ ಕೇಳಿ, ಬಂದ ಉತ್ತರದ ಪ್ರತಿಯೊಂದು ಇಸವಿಯನ್ನೂ ಹೆಸರನ್ನೂ ನಿನ್ನ ಪಠ್ಯಪುಸ್ತಕದ ಜೊತೆ ಹೊಂದಿಸಿ ನೋಡು. ತಪ್ಪು ಸಿಕ್ಕರೆ ಸರ್‌ಗೆ ತೋರಿಸು. ಸರ್‌ಗೂ ಅದು ಇಷ್ಟವಾಗಬಹುದು.

ಅಪ್ಪ ಅಮ್ಮನಿಗೆ ಹೇಳದೆ ಬಳಸಬೇಡ. ಚಾಟ್‌ಜಿಪಿಟಿಯ ನಿಯಮದಲ್ಲೇ 13 ವರ್ಷ ಆಗಿರಬೇಕು, 18ರೊಳಗಿನವರಿಗೆ ಪಾಲಕರ ಒಪ್ಪಿಗೆ ಬೇಕು ಎಂದಿದೆ. ಮನೆ ವಿಷಯ, ಫೋಟೊ, ಫೋನ್ ನಂಬರು ಅದಕ್ಕೆ ಕೊಡಬೇಡ.

ಪ್ರಶ್ನೆ: ನನ್ನ ಮಗನಿಗೆ ಕಣ್ಣು ಕಾಣುವುದಿಲ್ಲ. ಊರಿನ ಶಾಲೆಯಲ್ಲೇ 6ನೇ ತರಗತಿ. ಟೀಚರ್ ಒಳ್ಳೆಯವರು, ಆದರೆ ಬೋರ್ಡ್ ಮೇಲೆ ಬರೆದಿದ್ದು, ಟಿವಿಯಲ್ಲಿ ತೋರಿಸಿದ್ದು ಅವನಿಗೆ ಸಿಗುವುದಿಲ್ಲ. ಫೋನಿನಿಂದ ಏನಾದರೂ ಆಗುತ್ತದಾ?
– ತಂದೆ, ಹಾಸನ ಜಿಲ್ಲೆ

ಉತ್ತರ: ಆಗುತ್ತದೆ. ತಂತ್ರಜ್ಞಾನ ನಿಜವಾಗಿ ಬೇಕಾಗಿರುವುದು ನಿಮ್ಮ ಮಗನಂಥ ಮಕ್ಕಳಿಗೆ. ಉಳಿದವರಿಗೆ ಅದೊಂದು ಸಹಾಯ, ಅವನಿಗೆ ಅದೇ ಪುಸ್ತಕ.

ನಿಮ್ಮ ಆ್ಯಂಡ್ರಾಯ್ಡ್ ಫೋನಿನ ಸೆಟ್ಟಿಂಗ್ಸ್‌ಗೆ ಹೋಗಿ, ಆ್ಯಕ್ಸೆಸಿಬಿಲಿಟಿ ಎಂಬಲ್ಲಿ ಟಾಕ್‌ಬ್ಯಾಕ್ ಇರುತ್ತದೆ. ಅದನ್ನು ಶುರು ಮಾಡಿ, ಧ್ವನಿಯ ಭಾಷೆ ಕನ್ನಡ ಮಾಡಿದರೆ, ಬೆರಳು ಇಟ್ಟಲ್ಲಿ ಇರುವುದನ್ನು ಫೋನು ಓದಿ ಹೇಳುತ್ತದೆ. ಮೊದಲ ವಾರ ಕಷ್ಟ, ಆಮೇಲೆ ನಿಮಗಿಂತ ಬೇಗ ಅವನೇ ಓಡಿಸುತ್ತಾನೆ. ಶಾಲೆಯ ಕಂಪ್ಯೂಟರ್‌ಗೆ ಎನ್‌ವಿಡಿಎ ಎಂಬ ಉಚಿತ ತಂತ್ರಾಂಶ ಹಾಕಿಸಿ, ಅದೂ ಕನ್ನಡ ಓದುತ್ತದೆ.

ಇಲ್ಲೊಂದು ತೊಡಕಿದೆ, ಇದನ್ನು ಟೀಚರ್‌ಗೆ ತೋರಿಸಿ. ಹಳೆಯ ನುಡಿ ಅಥವಾ ಬರಹ ಫಾಂಟ್‌ನಲ್ಲಿ ಟೈಪ್ ಮಾಡಿದ ನೋಟ್ಸ್ ಕಣ್ಣಿಗೆ ಕನ್ನಡದ ಹಾಗೆ ಕಾಣುತ್ತದೆ. ಒಳಗೆ ಇರುವುದು ಬೇರೆ ಚಿಹ್ನೆಗಳು. ಫೋನು ಅದನ್ನು ಓದಲು ಹೋದರೆ ಅರ್ಥವಿಲ್ಲದ ಶಬ್ದ ಬರುತ್ತದೆ. ಫೋಟೊ ತೆಗೆದು ಕಳಿಸಿದ ನೋಟ್ಸ್ ಕೂಡ ಟಾಕ್‌ಬ್ಯಾಕ್‌ಗೆ ಬರೀ ಚಿತ್ರ. ನೋಟ್ಸ್ ಯೂನಿಕೋಡ್‌ನಲ್ಲಿ, ಅಂದರೆ ಫೋನಿಗೂ ಕನ್ನಡ ಅಕ್ಷರವೆಂದೇ ಗೊತ್ತಾಗುವ ರೀತಿಯಲ್ಲಿ, ಟೈಪ್ ಮಾಡಿ, ಇಲ್ಲವೇ ವಾಟ್ಸ್‌ಆ್ಯಪ್‌ನಲ್ಲೇ ಬರೆದು ಕಳಿಸಿ ಎಂದು ಕೇಳಿಕೊಳ್ಳಿ. ಅದೂ ಕಷ್ಟವಾದರೆ ಓದಿ ಧ್ವನಿ ಕಳಿಸಲಿ. ಬೋರ್ಡ್ ಮೇಲೆ ಬರೆಯುವಾಗ ಬಾಯಲ್ಲೂ ಹೇಳುತ್ತಾ ಬರೆದರೆ ಅರ್ಧ ಸಮಸ್ಯೆ ಅಲ್ಲೇ ಮುಗಿಯುತ್ತದೆ, ಅದಕ್ಕೆ ಯಾವ ಯಂತ್ರವೂ ಬೇಡ. ಟಿವಿ ಹಾಕಿದಾಗ ಪಕ್ಕದ ಗೆಳೆಯ ಅವನಿಗೆ ವಿವರಿಸಲಿ. ವಿವರಿಸುವವನಿಗೂ ಪಾಠ ಗಟ್ಟಿಯಾಗುತ್ತದೆ.

ಬ್ರೈಲ್ ಬಿಡಿಸಬೇಡಿ. ಕೇಳಿ ಕಲಿತವನಿಗೆ ಕಾಗುಣಿತ, ಒತ್ತಕ್ಷರ, ಗಣಿತದ ಚಿಹ್ನೆ ಕೈಗೆ ಸಿಗುವುದಿಲ್ಲ. ಕ್ಷೇತ್ರ ಶಿಕ್ಷಣಾಧಿಕಾರಿಯ (ಬಿಇಒ) ಕಚೇರಿಯಲ್ಲಿ ವಿಚಾರಿಸಿ, ತಾಲ್ಲೂಕಿನಲ್ಲಿ ಇಂಥ ಮಕ್ಕಳಿಗಾಗಿಯೇ ಸಂಪನ್ಮೂಲ ಶಿಕ್ಷಕರು, ಬಿಐಇಆರ್‌ಟಿ ಅನ್ನುತ್ತಾರೆ, ಇರುತ್ತಾರೆ. 2016ರ ವಿಕಲಚೇತನರ ಹಕ್ಕುಗಳ ಕಾಯ್ದೆಯಲ್ಲಿ 18 ವರ್ಷದವರೆಗೆ ಪುಸ್ತಕ, ಕಲಿಕಾ ಸಾಮಗ್ರಿ ಉಚಿತವಾಗಿ ಕೊಡಬೇಕು ಎಂದಿದೆ, ಅರ್ಜಿಯಲ್ಲಿ ಅದನ್ನು ಬರೆಯಿರಿ. ಬೆಂಗಳೂರಿನ ಮಿತ್ರಜ್ಯೋತಿ ಸಂಸ್ಥೆಯಲ್ಲಿ ಧ್ವನಿ ಪುಸ್ತಕಗಳಿವೆ. ಸುಗಮ್ಯ ಪುಸ್ತಕಾಲಯ ಎಂಬ ಆನ್‌ಲೈನ್ ಗ್ರಂಥಾಲಯವೂ ಇದೆ. ಮುಂದೆ ಎಸ್‌ಎಸ್‌ಎಲ್‌ಸಿಯಲ್ಲಿ ಬರೆಯಲು ಸಹಾಯಕರನ್ನೂ ಹೆಚ್ಚಿನ ಸಮಯವನ್ನೂ ಕೊಡುತ್ತಾರೆ, ಶಾಲೆಯ ಮೂಲಕ ಮೊದಲೇ ಕೇಳಬೇಕು.

ಪ್ರಶ್ನೆ: ನಮ್ಮ ತರಗತಿಯ ಎಷ್ಟೋ ಮಕ್ಕಳ ಮನೆಯಲ್ಲಿ ಕೀಪ್ಯಾಡ್ ಫೋನ್ ಮಾತ್ರ. ಸ್ಮಾರ್ಟ್‌ಫೋನ್ ಇರುವ ಮನೆಗಳಲ್ಲೂ ಮಕ್ಕಳು ರೀಲ್ಸ್ ನೋಡುತ್ತಾರೆ. ವಾಟ್ಸ್‌ಆ್ಯಪ್ ಗುಂಪಿಗೆ ಲೆಕ್ಕ ಹಾಕಿದರೆ ಯಾರೂ ಮಾಡುವುದಿಲ್ಲ. ಸುಮ್ಮನಾಗಿಬಿಡಲಾ?
– 4ನೇ ತರಗತಿ ಶಿಕ್ಷಕ, ಚಳ್ಳಕೆರೆ

ಉತ್ತರ: ಸುಮ್ಮನಾಗಬೇಡಿ ಸರ್, ಗುಂಪಿಗೆ ಹಾಕುವುದನ್ನು ಬಿಟ್ಟು ಫೋನ್ ಮಾಡಿ. ರೀಲ್ಸ್ ವಿಷಯದಲ್ಲಿ ನಿಮ್ಮ ಊರೊಂದೇ ಅಲ್ಲ. ಹಳ್ಳಿ ಮಕ್ಕಳ ಕಲಿಕೆಯ ಸಮೀಕ್ಷೆಯಾದ ಅಸರ್‌ನ 2024ರ ವರದಿಯಲ್ಲಿ, ಸ್ಮಾರ್ಟ್‌ಫೋನ್ ಬಳಸಲು ಬರುವ 14ರಿಂದ 16 ವರ್ಷದ ಮಕ್ಕಳಲ್ಲಿ 76 ಶೇಕಡ ಹಿಂದಿನ ವಾರ ಫೋನನ್ನು ಸಾಮಾಜಿಕ ಜಾಲತಾಣಕ್ಕೆ ಬಳಸಿದ್ದರು, ಓದಿಗೆ ಸಂಬಂಧಿಸಿದ್ದಕ್ಕೆ ಬಳಸಿದವರು 57 ಶೇಕಡ.

2020ರಲ್ಲಿ ಆಫ್ರಿಕಾದ ಬೋಟ್ಸ್ವಾನಾದಲ್ಲಿ ಶಾಲೆ ಮುಚ್ಚಿದಾಗ ಒಂದು ಪ್ರಯೋಗ ಮಾಡಿದರು. ಕೆಲವು ಮನೆಗಳಿಗೆ ವಾರಕ್ಕೊಮ್ಮೆ ಲೆಕ್ಕದ ಎಸ್‌ಎಂಎಸ್ ಕಳಿಸಿದರು. ಇನ್ನು ಕೆಲವು ಮನೆಗಳಿಗೆ ಎಸ್‌ಎಂಎಸ್ ಜೊತೆಗೆ ಕಲಿಸುವವರು ಕರೆ ಮಾಡಿ ಸುಮಾರು 20 ನಿಮಿಷ ಪಾಲಕರನ್ನೂ ಮಗುವನ್ನೂ ಕೂರಿಸಿ ಲೆಕ್ಕ ಮಾಡಿಸಿದರು. ಬರೀ ಎಸ್‌ಎಂಎಸ್‌ನಿಂದ ಹೇಳಿಕೊಳ್ಳುವಂಥದ್ದು ಆಗಲಿಲ್ಲ. ಕರೆ ಬಂದ ಮನೆಯ ಮಕ್ಕಳು ಮುಂದೆ ಬಂದರು. ಅದಕ್ಕೆ ಬೇಕಾಗಿದ್ದು ಸಾದಾ ಫೋನು ಅಷ್ಟೇ. ಕರ್ನಾಟಕದ ಸರ್ಕಾರಿ ಶಾಲೆಗಳಲ್ಲೂ 3ರಿಂದ 5ನೇ ತರಗತಿ ಮಕ್ಕಳಿಗೆ ಇದೇ ದಾರಿಯಲ್ಲಿ 'ಗಣಿತ ಗಣಕ' ನಡೆದಿದೆ. ನಿಮ್ಮ ಕ್ಲಸ್ಟರ್‌ನ ಸಂಪನ್ಮೂಲ ವ್ಯಕ್ತಿಯನ್ನು (ಸಿಆರ್‌ಪಿ) ಕೇಳಿ ನೋಡಿ.

ಎಲ್ಲ ಮಕ್ಕಳಿಗೂ ಮಾಡಲು ಹೋಗಬೇಡಿ, ಸುಸ್ತಾಗಿ ಬಿಡುತ್ತೀರಿ. ಕಳೆಯುವ ಲೆಕ್ಕ ಇನ್ನೂ ಬರದ ಐದಾರು ಮಕ್ಕಳನ್ನು ಆರಿಸಿಕೊಳ್ಳಿ. ಹೊಲದಿಂದ, ಕೂಲಿಯಿಂದ ಮನೆಯವರು ಬರುವ ಹೊತ್ತು ಕೇಳಿಟ್ಟುಕೊಳ್ಳಿ. ಸ್ಪೀಕರ್ ಹಾಕಿಸಿ, ಅವ್ವ ಪಕ್ಕ ಕೂತಿರಲಿ. ಅವಳಿಗೆ ಓದು ಬರದಿದ್ದರೂ ಕಡ್ಡಿ, ಕಾಳು ಎಣಿಸಿ ಕೊಡುತ್ತಾಳೆ. '35 ಕಾಳು ಇಡು, 12 ತೆಗಿ, ಎಷ್ಟು ಉಳಿಯಿತು? ಹೇಗೆ ಗೊತ್ತಾಯಿತು?' ಎಂದು ಕೇಳಿ. ಉತ್ತರ ಸರಿ ಇದ್ದರೂ 'ಹೇಗೆ' ಎಂದು ಕೇಳುವುದನ್ನು ಬಿಡಬೇಡಿ. ಬಂದರೆ ಮುಂದಿನ ವಾರ ದಶಕ ಒಡೆದು ಕಳೆಯುವುದು, ಬರದಿದ್ದರೆ ಇದೇ ಮತ್ತೊಮ್ಮೆ. ಮರುದಿನ ತರಗತಿಯಲ್ಲಿ ಅದೇ ಮಗುವನ್ನು ಬೋರ್ಡ್ ಹತ್ತಿರ ಕರೆದು ಅದೇ ಲೆಕ್ಕ ಮಾಡಿಸಿ.